ಸುಧಾಕ್ಕನ ಬಾಯಿಗೆ ನಾನಿಟ್ಟ ಮಾತು

ಮೊದಲೇ ಹೇಳಿಬಿಡುತ್ತೇನೆ, ಈ ಕಥೆಯಲ್ಲಿ ಪೆದ್ದ ನಾನೇ. ಬೇರೆ ಯಾರನ್ನಾದರೂ ಹುಡುಕಿ ದಣಿಯಬೇಡಿ. ಒಂದು ಮಾತನ್ನು ಬೇಕೆಂದೇ ಕೆಟ್ಟದಾಗಿ ಹೇಳಬೇಕಿದ್ದ ಕಡೆ ಚೆನ್ನಾಗಿ ಹೇಳಿದೆ. ಚೆನ್ನಾಗಿ ಹೇಳಿದ್ದಕ್ಕೆ ಬೆನ್ನು ತಟ್ಟಿಸಿಕೊಂಡೆ. ಆ ಸುಖದಲ್ಲಿ, ಬದುಕಿ ಬಾಳುತ್ತಿರುವ ಒಬ್ಬ ನಟಿಯ ಬಾಯಿಂದ ಅವರ ಮಾತನ್ನೇ ಕಿತ್ತುಕೊಳ್ಳುವ ಕೆಲಸಕ್ಕೆ ಕೈ ಹಾಕಿದೆ. ನಾನು ನಿವೃತ್ತ ಸಿನಿಮಾ ಸಂಕಲನಕಾರ; ವೃತ್ತಿಯಲ್ಲಿ ಮಾಡಿದ ತಪ್ಪುಗಳಲ್ಲಿ ಇದಕ್ಕೆ ಮೊದಲ ಬಹುಮಾನ. ಎರಡನೆಯ ಬಹುಮಾನಕ್ಕೆ ಸ್ಪರ್ಧೆ ಜೋರಾಗಿದೆ, ಸ್ಪರ್ಧಿಗಳೆಲ್ಲ ನನ್ನವೇ.

ನಿವೃತ್ತ ಸಂಕಲನಕಾರ ಎಂದಾಗ ನೆರೆತ ತಲೆ, ದಪ್ಪ ಕನ್ನಡಕ, ಹೆಗಲ ಮೇಲೊಂದು ಶಾಲು ನಿಮ್ಮ ಕಣ್ಣಿಗೆ ಬಂದಿದ್ದರೆ ನಿರಾಸೆ ಮಾಡುತ್ತಿದ್ದೇನೆ. ನನಗಿನ್ನೂ ನಲವತ್ತಾಗಿಲ್ಲ. ಊರು ಬೆಳಗಾವಿ; ಮನೆಯಲ್ಲಿ ಕನ್ನಡ, ಗಲ್ಲಿಯಲ್ಲಿ ಮರಾಠಿ. ಯಾರ ಧ್ವನಿ ಕೇಳಿದರೂ ಸಂಜೆಯೊಳಗೆ ಅದನ್ನು ನಕಲು ಮಾಡಿ ತೋರಿಸುವ ಚಟ. ಶಾಲೆಯಲ್ಲಿ ಹೆಡ್ ಮಾಸ್ತರರ ಧ್ವನಿಯಲ್ಲಿ ರಜೆ ಘೋಷಿಸಿ ಹೊಡೆತ ತಿಂದವನು ಮುಂಬೈಗೆ ಹೋಗಿ ಮರಾಠಿ ಸಿನಿಮಾಗಳನ್ನು ಕತ್ತರಿಸುವ ಕೆಲಸ ಕಲಿತೆ. ಹೆಂಡತಿ ವಿಭಾ ಮೈಸೂರಿನವಳು, ಮೆದುಳಿನ ಸಂಶೋಧಕಿ. ಅವಳಿಗೆ ಜಪಾನಿನಲ್ಲಿ, ಟೋಕಿಯೋ ಪಕ್ಕದ ವಾಕೋದಲ್ಲಿ ಕೆಲಸ ಸಿಕ್ಕಾಗ ಹಾರ್ಡ್ ಡಿಸ್ಕುಗಳನ್ನು ಸ್ವೆಟರುಗಳಲ್ಲಿ ಸುತ್ತಿಕೊಂಡು ನಾನೂ ಬಂದೆ. ಕೆಲವು ವರ್ಷ ಇಲ್ಲಿಂದಲೇ ಮುಂಬೈಯ ಸಿನಿಮಾಗಳನ್ನು ಜೋಡಿಸಿದೆ. ಆಮೇಲೆ ಬೆನ್ನಿನ ಡಾಕ್ಟರು ಕುರ್ಚಿ ಬಿಡು ಎಂದರು, ಬಿಟ್ಟೆ. ಈಗ ಸ್ಟೇಶನ್ ಪಕ್ಕದ ಸೂಪರ್‌ಮಾರ್ಕೆಟ್ಟಿನಲ್ಲಿ ನಿಂತು ತರಕಾರಿ ಜೋಡಿಸುತ್ತೇನೆ. ಬಾಡಿದ್ದನ್ನು ತೆಗೆದು ಚೆಂದದ್ದನ್ನು ಮುಂದಿಡುವುದು. ವೃತ್ತಿ ಬದಲಾಯಿತು ಎಂದು ಅನಿಸಿಯೇ ಇಲ್ಲ.

ಧಾರವಾಡ, ಬೆಂಗಳೂರು ಕಡೆಯ ಹುಡುಗ ಹುಡುಗಿಯರು ಆಗಾಗ ಮೆಸೇಜು ಕಳಿಸುತ್ತಾರೆ. ಎಡಿಟರ್ ಆಗಬೇಕು, ಯಾವ ಸಾಫ್ಟ್‌ವೇರ್ ಕಲಿಯಲಿ ಸರ್ ಎಂಬ ಒಂದೇ ಪ್ರಶ್ನೆ. ಸಾಫ್ಟ್‌ವೇರ್ ಯಾವುದಾದರೂ ಕಲಿಯಿರಿ, ನೀವು ಕಲಿಯುವಷ್ಟರಲ್ಲಿ ಅದು ಬದಲಾಗುತ್ತದೆ. ಬದಲಾಗದ್ದನ್ನು ನನಗೆ ಕಲಿಸಿದವರು ಬಾಪೂ ಸರ್. ನಾನು ಸಹಾಯಕನಾಗಿ ಸೇರಿದ್ದು ಅವರ ಕೈಕೆಳಗೆ. ಫಿಲ್ಮನ್ನು ಕೈಯಲ್ಲಿ ಹಿಡಿದು ಕತ್ತರಿಸಿ ಅಂಟಿಸುತ್ತಿದ್ದ ಕಾಲದಿಂದ ಬಂದವರು. ಕಂಪ್ಯೂಟರಿನ ಮುಂದೆ ಕೂತರೂ ಅವರ ತೋರುಬೆರಳು ಮತ್ತು ಹೆಬ್ಬೆರಳು ಗಾಳಿಯಲ್ಲಿ ಒಂದು ಪಟ್ಟಿಯನ್ನು ಸವರುತ್ತಿದ್ದವು. ಮಾತು ಕಡಿಮೆ. ಕಟ್ ಸರಿಯಿದ್ದರೆ ಮೂಗಿನಲ್ಲಿ ಒಂದು ಸಣ್ಣ ‘ಹ್ಞುಂ’, ಸರಿಯಿಲ್ಲದಿದ್ದರೆ ಅದೇ ಮೂಗಿನಲ್ಲಿ ಇನ್ನೊಂದು ‘ಹ್ಞುಂ’. ಎರಡರ ನಡುವಿನ ವ್ಯತ್ಯಾಸ ಗೊತ್ತಾಗಲು ನನಗೆ ಒಂದಿಡೀ ಸಿನಿಮಾ ಬೇಕಾಯಿತು.

ಆ ಸಿನಿಮಾದಲ್ಲೇ ಒಮ್ಮೆ ನಾಯಕಿ ಮಾತು ಮುಗಿಸಿದ ತಕ್ಷಣ ದೃಶ್ಯವನ್ನು ಕತ್ತರಿಸಿ, ಏನು ಚುರುಕಾಗಿದೆ ನೋಡಿ ಎಂದು ತೋರಿಸಿದ್ದೆ. ಬಾಪೂ ಸರ್ ಎರಡನೆಯ ‘ಹ್ಞುಂ’ ಹೇಳಿದರು. ನಾನು ಕತ್ತರಿಸಿ ಬಿಸಾಕಿದ್ದ ತುಣುಕನ್ನು ವಾಪಸ್ ಹಾಕಿಸಿದರು. ಅದರಲ್ಲಿ ನಾಯಕಿ ಸುಮ್ಮನೆ ಬಾಗಿಲ ಕಡೆ ನೋಡುತ್ತಿದ್ದಳು. ಅವಳ ಮಾತು ಮುಗಿದಿದೆ, ಯೋಚನೆ ಮುಗಿದಿಲ್ಲ, ನಿನಗೇನು ಅವಸರ ಎಂದರು. ಇಡೀ ವಾರಕ್ಕೆ ಅವರು ಆಡಿದ ಅತಿ ಉದ್ದದ ಮಾತು ಅದು.

ಬಾಪೂ ಸರ್ ಇನ್ನೊಂದು ನಿಯಮ ಹಾಕಿದ್ದರು. ಶೂಟಿಂಗಿನಲ್ಲಿ ಧ್ವನಿ ಕೆಟ್ಟಿದ್ದರೆ, ನಟರು ಬಂದು ಡಬ್ಬಿಂಗ್ ಮಾಡುವವರೆಗೆ, ಆ ಮಾತನ್ನು ಎಡಿಟಿಂಗ್ ಕೋಣೆಯಲ್ಲೇ ಯಾರಾದರೂ ಓದಿ ತುಂಬಿಸಿಡುತ್ತೇವೆ. ಇದಕ್ಕೆ ಸ್ಕ್ರ್ಯಾಚ್ ಎನ್ನುತ್ತಾರೆ. ಅದನ್ನು ರೈಲ್ವೆ ಅನೌನ್ಸ್‌ಮೆಂಟಿನಂತೆ ಸಪ್ಪೆಯಾಗಿ ಓದಬೇಕು, ರಸ ಹಿಂಡಬಾರದು. ಚೆನ್ನಾಗಿ ಓದಿದರೆ ನಿರ್ದೇಶಕನ ಕಿವಿ ಅದಕ್ಕೇ ಒಗ್ಗಿಹೋಗುತ್ತದೆ, ಆಮೇಲೆ ಪಾಪ ಅಸಲಿ ನಟ ಬಂದು ಎಷ್ಟೇ ಚೆನ್ನಾಗಿ ಹೇಳಿದರೂ ಹಿಡಿಸುವುದಿಲ್ಲ. ನಕಲಿಯೇ ಅಸಲಿಯ ಜಾಗದಲ್ಲಿ ಕೂತುಬಿಡುತ್ತದೆ. ಬಾಪೂ ಸರ್ ಪಕ್ಕದಲ್ಲಿ ಕೂತಿರುವವರೆಗೆ ನಾನು ಸಪ್ಪೆಯಾಗಿಯೇ ಓದಿದೆ. ಎಷ್ಟು ಕಷ್ಟವಾಗುತ್ತಿತ್ತು ಎಂಬುದು ಮಿಮಿಕ್ರಿ ಮಾಡುವವರಿಗಷ್ಟೇ ಗೊತ್ತು. ಹಾಡುಗಾರನಿಗೆ ಮದುವೆ ಮನೆಯಲ್ಲಿ ಮೈಕು ಕೊಟ್ಟು ಬರೀ ‘ಹಲೋ ಹಲೋ’ ಅನ್ನು ಎಂದ ಹಾಗೆ.

ವಾಕೋಗೆ ಬಂದ ಮೇಲೆ ಮೂಗಿನಲ್ಲಿ ‘ಹ್ಞುಂ’ ಎನ್ನುವವರು ಯಾರೂ ಇರಲಿಲ್ಲ. ನಿರ್ದೇಶಕರು ಪರದೆಯ ಮೂಲೆಯಲ್ಲಿ ಬೆಂಕಿಪೊಟ್ಟಣದಷ್ಟು ಚೌಕದಲ್ಲಿ ಕೂರುತ್ತಿದ್ದರು. ಮುಂಬೈ ಹಲ್ಲುಜ್ಜುವ ಹೊತ್ತಿಗೆ ನನ್ನ ಊಟದ ಸಮಯ. ಅವರು ‘ಗುಡ್ ಮಾರ್ನಿಂಗ್’ ಎನ್ನುವಾಗ ನಾನು ಆಕಳಿಕೆ ನುಂಗುತ್ತಿದ್ದೆ. ಸ್ಕ್ರ್ಯಾಚ್ ಓದುವುದಕ್ಕೆ ಮನೆಯ ಪುಟ್ಟ ಕೋಣೆಯೇ ಸ್ಟುಡಿಯೋ, ಗೋಡೆಯೋ ಹಪ್ಪಳದಷ್ಟು ತೆಳು. ಒಂದು ಮಧ್ಯಾಹ್ನ ಪಕ್ಕದ ಮನೆಯ ಮೋರಿ ಸಾನ್ ಎಂಬವರು ಬಾಗಿಲು ತಟ್ಟಿದರು. ಸುಮಿಮಾಸೆನ್, ಕ್ಷಮಿಸಿ ಎಂದು ಬಗ್ಗಿ, ಮತ್ತೆ ಬಗ್ಗಿ, ಮನೆಯಲ್ಲಿ ವಯಸ್ಸಾದ ಹೆಂಗಸು ಯಾರೋ ಅಳುತ್ತಿರುವ ಹಾಗಿದೆ, ಏನಾದರೂ ಸಹಾಯ ಬೇಕೇ ಎಂದು ಕೇಳಿದರು. ಆ ವಯಸ್ಸಾದ ಹೆಂಗಸು ನಾನೇ ಎಂದು ವಿವರಿಸುವಷ್ಟು ಜಪಾನೀ ಭಾಷೆ ನನಗೆ ಬರುತ್ತಿರಲಿಲ್ಲ. ಅತ್ತೆಗೆ ಆರೋಗ್ಯವಿಲ್ಲ ಎಂದುಬಿಟ್ಟೆ. ಮರುದಿನ ಅವರು ಅತ್ತೆಗಾಗಿ ಸಿಪ್ಪೆ ಸುಲಿಯಲು ಸುಲಭವಾದ ಕಿತ್ತಳೆ ತಂದುಕೊಟ್ಟರು. ತಿಂದೆ.

ಆ ಅಳುವ ಹೆಂಗಸಿನ ಧ್ವನಿ ಸುಧಾಕ್ಕನದು. ಕಥೆ ಇರುವುದು ಇಲ್ಲಿ.

ಸುಧಾಕ್ಕ ಮರಾಠಿ ರಂಗಭೂಮಿಯಲ್ಲೂ ಸಿನಿಮಾದಲ್ಲೂ ಬಹುಕಾಲ ದುಡಿದ ನಟಿ. ಹುಟ್ಟಿದ್ದು ನಿಪ್ಪಾಣಿಯಲ್ಲಿ, ಹಾಗಾಗಿ ಗಡಿ ಕಡೆಯ ಕನ್ನಡ ನಾಲಿಗೆಯ ಮೇಲಿತ್ತು. ಸೆಟ್ಟಿನಲ್ಲಿ ಎಲ್ಲರೂ ಅವರ ಜೊತೆ ಮರಾಠಿ ಆಡಿದರೆ ನಾನೊಬ್ಬ ಕನ್ನಡ ಆಡುತ್ತಿದ್ದೆ. ನಿರ್ದೇಶಕನನ್ನು ಅವನ ಎದುರಿಗೇ ಬಯ್ಯಬೇಕು ಅನಿಸಿದಾಗ ಅವರಿಗೆ ನಾನು ತುಂಬ ಉಪಯೋಗಕ್ಕೆ ಬರುತ್ತಿದ್ದೆ.

ನಿರ್ದೇಶಕನ ಹೆಸರು ನಿಖಿಲ್. ಅವನು ಪ್ರತಿ ಮಾತನ್ನೂ ‘ಫ್ರಾಂಕ್ಲಿ’ ಎಂದು ಶುರು ಮಾಡುತ್ತಾನೆ, ಆಮೇಲೆ ಏನನ್ನು ಮುಚ್ಚಿಡಬೇಕು ಎಂದು ಹೇಳಿಕೊಡುತ್ತಾನೆ. ಆದರೂ ಒಳ್ಳೆಯ ನಿರ್ದೇಶಕ. ಅವನ ಸಿನಿಮಾದಲ್ಲಿ ಜಪಾನಿನ ನಗೋಯಾದಲ್ಲಿ ಕೆಲಸ ಮಾಡುವ ಮಗಳನ್ನು ಹೇಗಾದರೂ ಮಾಡಿ ಊರಿಗೆ ಕರೆದೊಯ್ಯಬೇಕೆಂದು ತಾಯಿ ಬರುತ್ತಾಳೆ, ಕೊನೆಗೆ ಮಗಳನ್ನು ಅಲ್ಲೇ ಬಿಟ್ಟು ಒಬ್ಬಳೇ ಹೊರಡುತ್ತಾಳೆ. ತಾಯಿ ಸುಧಾಕ್ಕ. ಚಿತ್ರೀಕರಣವೆಲ್ಲ ನಗೋಯಾದಲ್ಲಿ. ಅಂದಂದಿನ ದೃಶ್ಯಗಳನ್ನು ಅಂದಂದೇ ಜೋಡಿಸಿ ತೋರಿಸಲು ನನ್ನನ್ನೂ ಅಲ್ಲಿಗೆ ಕರೆಸಿದ್ದ.

ಮಧ್ಯಾಹ್ನ ಬೆಂತೋ ಊಟದ ಡಬ್ಬಿ ಬಿಚ್ಚಿ ಕೂತಾಗ ನನ್ನ ಕಾರ್ಯಕ್ರಮ ಇರುತ್ತಿತ್ತು. ನಿಖಿಲನ ಫ್ರಾಂಕ್ಲಿ, ಕ್ಯಾಮೆರಾದವನ ಗೊಣಗಾಟ, ಅನುಮತಿ ನೋಡಿಕೊಳ್ಳುತ್ತಿದ್ದ ಜಪಾನೀ ಹುಡುಗಿ ‘ಇಲ್ಲ’ ಎನ್ನದೆ ಹಲ್ಲಿನ ನಡುವೆ ಉಸಿರೆಳೆದು ‘ಇಲ್ಲ’ ಎನ್ನುವ ರೀತಿ, ಎಲ್ಲವನ್ನೂ ಮಾಡಿ ತೋರಿಸುತ್ತಿದ್ದೆ. ಎಲ್ಲಕ್ಕಿಂತ ಹೆಚ್ಚು ನಗು ಸುಧಾಕ್ಕನ ನಕಲಿಗೆ. ಅವರು ವಾಕ್ಯದ ಕೊನೆಯ ಪದಕ್ಕೆ ಮುಂಚೆ ಒಂದು ಸಣ್ಣ ಗುಟುಕು ನುಂಗುತ್ತಿದ್ದರು, ಆ ಪದವನ್ನು ಆಡಲೋ ಬೇಡವೋ ಎಂದು ಕೊನೆಯ ಕ್ಷಣದಲ್ಲಿ ಯೋಚಿಸಿದ ಹಾಗೆ. ಎಂಥ ಅದ್ಭುತ ಕೌಶಲ ಎಂದುಕೊಂಡಿದ್ದೆ. ಆ ಗುಟುಕನ್ನು ನಾನು ಎಷ್ಟು ಚೆನ್ನಾಗಿ ಹಿಡಿದಿದ್ದೆನೆಂದರೆ ಲೈಟಿನ ಹುಡುಗರೆಲ್ಲ ನುಂಗಲು ಕಲಿತಿದ್ದರು. ಸುಧಾಕ್ಕ ನಗುತ್ತಿದ್ದರು. ಇಂದು ನೆನೆಸಿಕೊಂಡರೆ, ಎಲ್ಲರಿಗಿಂತ ಸ್ವಲ್ಪ ಬೇಗ ನಗು ನಿಲ್ಲಿಸುತ್ತಿದ್ದರು.

ಕೊನೆಯ ದೃಶ್ಯ ಸ್ಟೇಶನ್ನಿನ ಪ್ಲಾಟ್‌ಫಾರ್ಮಿನಲ್ಲಿ. ಚಳಿಗಾಲ, ಸುತ್ತಲೂ ಅರ್ಧ ಜನ ಮಾಸ್ಕ್ ಹಾಕಿದ್ದರು, ತಾಯಿಯ ಪಾತ್ರವೂ ಮಾಸ್ಕ್ ಹಾಕಿತ್ತು. ರೈಲು ಹತ್ತುವ ಮುಂಚೆ ಮಗಳಿಗೆ ಹೇಳುತ್ತಾಳೆ: “ಬಟ್ಟೆ ಒಣಹಾಕಿದ್ದೇನೆ, ಮಳೆ ಬಂದರೆ ತೆಗೆ. ಫ್ರಿಜ್ಜಿನಲ್ಲಿ ಪಲ್ಯ ಇದೆ. ಏರ್‌ಪೋರ್ಟಿಗೆ ಬರಬೇಡ. ನೀನು ಇಲ್ಲೇ ಇರು, ನಾನು ದಾರಿ ಕೇಳಿಕೊಂಡು ಹೋಗುತ್ತೇನೆ.” ಇಷ್ಟೇ. ಸಿನಿಮಾದ ಜೀವ ಈ ಕೊನೆಯ ಮಾತಿನಲ್ಲಿತ್ತು. ಸುಧಾಕ್ಕ ಅದನ್ನು ಆಡುವಾಗಲೇ ಪ್ಲಾಟ್‌ಫಾರ್ಮಿನ ಸಂಗೀತ ಮೊಳಗಿತು, ಅದರ ಮೇಲೆ ಅನೌನ್ಸ್‌ಮೆಂಟು, ಅದರ ಮೇಲೆ ರೈಲು. ನಮಗೆ ಕೊಟ್ಟಿದ್ದ ಸಮಯ ಮುಗಿಯಿತು. ಇನ್ನೊಂದು ಸಲ ಎಂದಾಗ ಅನುಮತಿಯ ಹುಡುಗಿ ಹಲ್ಲಿನ ನಡುವೆ ಉಸಿರೆಳೆದಳು. ಪರವಾಗಿಲ್ಲ, ಮಾಸ್ಕ್ ಇದೆ, ತುಟಿ ಕಾಣುವುದಿಲ್ಲ, ಆಮೇಲೆ ಡಬ್ ಮಾಡಿಸೋಣ ಎಂದ ನಿಖಿಲ್.

ವಾಕೋಗೆ ಬಂದು ಆ ದೃಶ್ಯ ಜೋಡಿಸುವಾಗ ಸ್ಕ್ರ್ಯಾಚ್ ಬೇಕಾಯಿತು. ಬಾಪೂ ಸರ್ ಮುಂಬೈಯಲ್ಲಿ ನೆಮ್ಮದಿಯಾಗಿ ಮೊಮ್ಮಕ್ಕಳನ್ನು ಆಡಿಸುತ್ತಿದ್ದರು. ನಾನು ಬಾಗಿಲು ಹಾಕಿಕೊಂಡು ಸುಧಾಕ್ಕನಾದೆ. ಕೊನೆಯ ಪದಕ್ಕೆ ಮುಂಚೆ ಆ ಗುಟುಕು ನುಂಗಿದೆ, ಗಂಟಲು ಒದ್ದೆ ಮಾಡಿಕೊಂಡೆ, ಸ್ವಲ್ಪ ಅತ್ತೆ. ಮೋರಿ ಸಾನ್ ಬಾಗಿಲು ತಟ್ಟಿದ್ದು ಆವತ್ತೇ. ಅದನ್ನು ಕೇಳಿ ಪರದೆಯ ಚೌಕದೊಳಗೆ ನಿಖಿಲ್ ಕಣ್ಣೊರೆಸಿಕೊಂಡ. ನನಗೆ ಆ ದಿನ ಊಟ ಸೇರಲಿಲ್ಲ, ಹೊಗಳಿಕೆಯಿಂದಲೇ ಹೊಟ್ಟೆ ತುಂಬಿತ್ತು.

ಡಬ್ಬಿಂಗಿಗೆ ದಿನ ಗೊತ್ತು ಮಾಡುವಷ್ಟರಲ್ಲಿ ಸುಧಾಕ್ಕನ ಗಂಟಲಿನಲ್ಲಿ ಗಂಟೊಂದು ಸಿಕ್ಕಿತು. ಪುಣೆಯಲ್ಲಿ ಆಪರೇಷನ್ ಆಯಿತು, ಗಂಟು ಹೋಯಿತು, ಅದರ ಜೊತೆ ಹಳೆಯ ಧ್ವನಿಯೂ ಹೋಯಿತು. ಉಳಿದದ್ದು ಮರಳು ಕಾಗದದಂಥ ಒಂದು ಪಿಸುಮಾತು. ನಿಖಿಲ್ ನನಗೆ ಫೋನ್ ಮಾಡಿ, ಫ್ರಾಂಕ್ಲಿ ಅವರಿಗೆ ತೊಂದರೆ ಕೊಡುವುದು ಬೇಡ, ನಿನ್ನ ಸ್ಕ್ರ್ಯಾಚನ್ನೇ ಇಟ್ಟುಕೊಳ್ಳೋಣ ಎಂದ. ಈಗ ಅದಕ್ಕೊಂದು ಯಂತ್ರವಿದ್ಯೆ ಬಂದಿದೆ. ಸುಧಾಕ್ಕನ ಹಳೆಯ ಸಿನಿಮಾಗಳ ಧ್ವನಿಯನ್ನು ಕಂಪ್ಯೂಟರಿಗೆ ಉಣಿಸಿದರೆ ನಾನು ಆಡಿದ ಮಾತಿಗೆ ಅವರ ಧ್ವನಿಯ ಬಣ್ಣ ಬಳಿಯುತ್ತದೆ. ಏರಿಳಿತ ನನ್ನದು, ಕೇಳಿಸುವ ಕಂಠ ಅವರದು. ಮುಂಬೈಯ ಸೌಂಡ್ ಹುಡುಗರು ಅದನ್ನು ಮಾಡಿ ಕಳಿಸಿದರು. ಕೇಳಿ ನನ್ನ ಮೈ ಜುಮ್ಮೆಂದಿತು. ಅದು ಸುಧಾಕ್ಕನೇ, ನಾನೆಲ್ಲೂ ಇರಲಿಲ್ಲ. ಮಿಮಿಕ್ರಿ ಮಾಡುವವನಿಗೆ ಇದಕ್ಕಿಂತ ದೊಡ್ಡ ಪದಕ ಯಾವುದು?

ವಿಭಾ ಅದನ್ನು ಕೇಳಿ ಕಿವಿಯಿಂದ ಹೆಡ್‌ಫೋನ್ ತೆಗೆದಳು.

“ಸೂಪರ್ ಆಗಿದೆ. ಅವರಿಗೆ ಹೇಳಿದೀಯಾ?”

ಇನ್ನೂ ಇಲ್ಲ ಎಂದೆ. ಹೇಳಿದರೆ ಬೇಜಾರು ಮಾಡಿಕೊಳ್ಳುತ್ತಾರಂತೆ ಎಂದೆ.

“ಸೀರಿಯಸ್ಲಿ? ನಾವು ಒಂದು ಇಲಿನ ಮುಟ್ಟೋಕೂ ಕಮಿಟಿ ಹತ್ರ ಪರ್ಮಿಷನ್ ತಗೋತೀವಿ ಕಣೋ. ಅವರು ಇಲಿಗಿಂತ ಕಡೆನಾ?”

ನಾನು ಅವಳದೇ ಧ್ವನಿಯಲ್ಲಿ ಅದೇ ಪ್ರಶ್ನೆಯನ್ನು ಅವಳಿಗೆ ಮಾಡಿ ತೋರಿಸಿದೆ. ಅವಳು ನಗಲಿಲ್ಲ.

ಅಷ್ಟರಲ್ಲಿ ಸುಧಾಕ್ಕ ಸುಧಾರಿಸಿಕೊಳ್ಳಲು ನಗೋಯಾಗೇ ಬಂದಿದ್ದರು. ಸಿನಿಮಾದ ತಾಯಿಯ ಹಾಗೆ ಅವರಿಗೂ ಅಲ್ಲೊಬ್ಬ ಮಗಳು, ಮಧುರಾ. ಕಾರು ಕಂಪನಿಯೊಂದರಲ್ಲಿ ಎಂಜಿನಿಯರ್. ಸಿನಿಮಾ ಅಂತಿಮವಾಗುವ ಮುಂಚೆ ಕೊನೆಯ ದೃಶ್ಯವನ್ನು ಅಮ್ಮ ನೋಡಬೇಕಂತೆ ಎಂದು ಮಧುರಾ ನಿಖಿಲ್‌ಗೆ ಹೇಳಿದಳು. ಸಿನಿಮಾದ ಒಂದು ಪ್ರತಿ ಚಿತ್ರೋತ್ಸವಕ್ಕೆ ಹೋಗಬೇಕಿತ್ತು. ಮುಂಬೈಯಲ್ಲಿ ಧ್ವನಿಗಳನ್ನೆಲ್ಲ ಕೂಡಿಸುವ ಕೊನೆಯ ದಿನ ಯಾವುದೋ ಅದೇ ದಿನ ನಾನು ಲ್ಯಾಪ್‌ಟಾಪ್ ಹಿಡಿದು ನಗೋಯಾಗೆ ಹೊರಟೆ. ನಿಖಿಲನ ಅಪ್ಪಣೆ ಸ್ಪಷ್ಟವಿತ್ತು. ತೋರಿಸು, ಹೂಂ ಅನ್ನಿಸಿಕೊಂಡು ಬಾ, ಧ್ವನಿಯ ವಿಷಯ ಎತ್ತಬೇಡ. ಶಿಂಕಾನ್‌ಸೆನ್ ಬುಲೆಟ್ ರೈಲಿನ ಉದ್ದಕ್ಕೂ, ಅವರು ಕೇಳಿದರೆ ಏನು ಹೇಳುವುದು ಎಂದು ಬೇರೆ ಬೇರೆಯವರ ಧ್ವನಿಯಲ್ಲಿ ಮನಸ್ಸಿನಲ್ಲೇ ಅಭ್ಯಾಸ ಮಾಡಿದೆ. ಯಾರ ಧ್ವನಿಯಲ್ಲೂ ಅದು ಸರಿ ಕೇಳಲಿಲ್ಲ.

ಮಧುರಾ ಸಬ್‌ವೇ ಸ್ಟೇಶನ್ನಿಗೆ ಬಂದಿದ್ದಳು. ಮನೆಗೆ ನಡೆಯುತ್ತ, ಅಮ್ಮ ಮಾತಾಡುವುದನ್ನೇ ನಿಲ್ಲಿಸಿದ್ದಾಳೆ ಎಂದಳು. ಗಂಟಲು ಬಳಸಿದರಷ್ಟೇ ಧ್ವನಿ ಗಟ್ಟಿಯಾಗುತ್ತದೆ, ಬಳಸದಿದ್ದರೆ ಇರುವಷ್ಟೂ ಹೋಗುತ್ತದೆ ಎಂದು ಡಾಕ್ಟರು ಹೇಳಿದ್ದರಂತೆ. ಆದರೆ ಫೋನಿನಲ್ಲಿ ತನ್ನದೇ ಹೊಸ ಧ್ವನಿಯನ್ನು ಒಮ್ಮೆ ಕೇಳಿದ ದಿನದಿಂದ ಸುಧಾಕ್ಕ ಬಾಯಿ ಮುಚ್ಚಿದ್ದರು. ಚಹಾ ಬೇಕೆಂದರೆ ಹುಬ್ಬು, ಬೇಡವೆಂದರೆ ಕೈ. ಯಾರದಾದರೂ ಕರೆ ಬಂದರೆ ಎದ್ದು ಬಚ್ಚಲಿಗೆ ಹೋಗುವುದು. ಯಂತ್ರದ ಧ್ವನಿಯ ವಿಷಯ ನಿಖಿಲ್ ಮಧುರಾಗೆ ಹೇಳಿದ್ದ.

“ಪ್ಲೀಸ್, ಅಮ್ಮನಿಗೆ ಗೊತ್ತಾಗದೇ ಇರಲಿ,” ಎಂದಳು. “ತನ್ನ ಧ್ವನಿ ಇಲ್ಲದೆಯೂ ಕೆಲಸ ಆಯಿತು ಅಂತ ತಿಳಿದರೆ ಅವಳು ಇನ್ನು ಬಾಯೇ ಬಿಡಲ್ಲ.”

ಇದು ನಾನು ಯೋಚಿಸಿರದ ಸಂಗತಿ. ಒಂದು ‘ಹೂಂ’ ತರಲು ಹೋದವನು, ಒಬ್ಬರು ಮತ್ತೆ ಮಾತಾಡುವುದೋ ಇಲ್ಲವೋ ಎಂಬುದನ್ನು ಬ್ಯಾಗಿನಲ್ಲಿ ಹೊತ್ತುಕೊಂಡು ಲಿಫ್ಟಿನಲ್ಲಿ ನಿಂತಿದ್ದೆ.

ಸುಧಾಕ್ಕ ಕಿಟಕಿಯ ಪಕ್ಕ ಕೂತಿದ್ದರು. ಕೊರಳಿಗೆ ಮೆತ್ತಗಿನ ಸ್ಕಾರ್ಫು. ನನ್ನನ್ನು ನೋಡಿ ಹುಬ್ಬು ಹಾರಿಸಿದರು, ಹತ್ತಿರ ಕೂರು ಎಂದು ಕುರ್ಚಿ ತಟ್ಟಿದರು. ನಾನು ಎಂದಿನ ನಕಲಿಗೆ ಇಳಿಯಲಿಲ್ಲ. ಮಾತಾಡದವರ ಎದುರು ಮಿಮಿಕ್ರಿ ಮಾಡುವುದು ಹೇಗೆಂದು ನನಗೆ ಗೊತ್ತಿಲ್ಲ. ಹೆಡ್‌ಫೋನ್ ಕೊಟ್ಟು ದೃಶ್ಯ ಹಚ್ಚಿದೆ.

ಅವರು ನೋಡಿದರು. ತೆರೆಯ ಮೇಲೆ ತಾಯಿ ಮಾತು ಮುಗಿಸಿ ರೈಲು ಹತ್ತಿದಳು. ಸುಧಾಕ್ಕನ ಕಣ್ಣು ತುಂಬಿತು. ನನ್ನ ಕೈ ಹಿಡಿದು ಒತ್ತಿದರು, ತಮ್ಮ ಗಂಟಲನ್ನು ಬೆರಳಿನಿಂದ ತೋರಿಸಿ, ಆಮೇಲೆ ಪರದೆಯನ್ನು ತೋರಿಸಿದರು. ಆ ಗದ್ದಲದಲ್ಲೂ ಉಳಿದುಕೊಂಡಿತಲ್ಲ ಎನ್ನುವ ಹಾಗೆ. ಅಡುಗೆಮನೆಯ ಬಾಗಿಲಲ್ಲಿ ಮಧುರಾ ಉಸಿರು ಬಿಟ್ಟದ್ದು ನನಗೆ ಕೇಳಿಸಿತು. ಜೇಬಿನಲ್ಲಿ ನಿಖಿಲನ ಮೆಸೇಜು ಗುಂಯ್‌ಗುಟ್ಟುತ್ತಿತ್ತು. ಅಲ್ಲಿಗೆ ಲ್ಯಾಪ್‌ಟಾಪ್ ಮುಚ್ಚಿ ಎದ್ದಿದ್ದರೆ ಎಲ್ಲರಿಗೂ ಸುಖವಿತ್ತು. ನಾನು ಮುಚ್ಚಲೆಂದು ಕೈ ಚಾಚಿಯೂ ಇದ್ದೆ.

ಸುಧಾಕ್ಕ ನನ್ನ ಕೈ ತಡೆದರು. ಇನ್ನೊಮ್ಮೆ ಎಂದು ಬೆರಳು ತಿರುಗಿಸಿದರು.

ಈ ಸಲ ಅವರು ತೆರೆಯ ಜೊತೆ ತುಟಿ ಆಡಿಸತೊಡಗಿದರು. ಸದ್ದಿಲ್ಲ, ಬರೀ ತುಟಿ. ಡಬ್ಬಿಂಗ್ ಮಾಡಿ ಮಾಡಿ ರೂಢಿಯಾದ ನಟರು ತಮ್ಮ ದೃಶ್ಯ ನೋಡುವಾಗ ತಾವಾಗಿಯೇ ಹಾಗೆ ಮಾಡುತ್ತಾರೆ. ಬಟ್ಟೆಯ ಮಾತು, ಪಲ್ಯದ ಮಾತು, ಏರ್‌ಪೋರ್ಟಿನ ಮಾತು ಹೇಗೋ ಜೊತೆಜೊತೆಗೆ ಹೋದವು. ಕೊನೆಯ ಸಾಲಿನಲ್ಲಿ ಅವರ ತುಟಿ ಮುಂದೆ ಓಡಿ ಮುಗಿಸಿಬಿಟ್ಟಿತು. ಹೆಡ್‌ಫೋನಿನಲ್ಲಿ ಆ ಹೆಂಗಸು ಇನ್ನೂ ಗುಟುಕು ನುಂಗುತ್ತಿದ್ದಳು. ಸುಧಾಕ್ಕ ಮತ್ತೆ ಬೆರಳು ತಿರುಗಿಸಿದರು. ಮತ್ತೆ ಅದೇ ಜಾಗದಲ್ಲಿ ಅವರು ಮುಂದೆ, ಧ್ವನಿ ಹಿಂದೆ. ಅವರು ಹೆಡ್‌ಫೋನ್ ತೆಗೆದು ತೊಡೆಯ ಮೇಲಿಟ್ಟುಕೊಂಡರು. ನನ್ನನ್ನು ನೋಡಿದರು. ನಾನು ಕಿಟಕಿಯಾಚೆ ನೋಡಿದೆ. ಅಲ್ಲಿ ನೋಡುವಂಥದ್ದೇನೂ ಇರಲಿಲ್ಲ.

“ಇದು ಯಾರು?”

ಮರಳಿನ ಮೇಲೆ ಕಾಲೆಳೆದ ಹಾಗಿತ್ತು ಆ ಸದ್ದು. ಅಡುಗೆಮನೆಯಲ್ಲಿ ಪಾತ್ರೆಯ ಸಪ್ಪಳ ನಿಂತಿತು.

“ನೀವ ಅಲ್ಲೇನ್ರಿ ಅಕ್ಕಾ,” ಎಂದೆ.

“ಧ್ವನಿ ನಂದ ಐತಿ.” ಅವರು ಮಾತು ನಿಲ್ಲಿಸಿ ಉಸಿರು ತೆಗೆದುಕೊಂಡರು. “ಮಾತಾಡಿದಾಕಿ ನಾನಲ್ಲ.”

ಅವರ ಕಣ್ಣು ನನ್ನ ಗಂಟಲಿಗೆ ಬಂತು. ಹೆದರಿಕೆಗೆ ನಾನು ಎಂಜಲು ನುಂಗಿದ್ದೆ, ಅದು ಅವರಿಗೆ ಕಂಡಿತು. ಅಷ್ಟು ಸಾಕಾಯಿತು.

“ನೀನ.”

“ಹೌದ್ರಿ ಅಕ್ಕಾ. ನಾನ.”

ಆಮೇಲೆ ಒಂದೊಂದಾಗಿ ಎಲ್ಲ ಹೇಳಿದೆ. ಸ್ಕ್ರ್ಯಾಚು, ಯಂತ್ರ, ನಿಖಿಲನ ಅಪ್ಪಣೆ, ನನ್ನ ಹೆಮ್ಮೆ. ಮಧುರಾ ಬಾಗಿಲಿಂದ ನನ್ನನ್ನು ನೋಡುತ್ತಿದ್ದ ರೀತಿಗೆ ಅರ್ಥ ಹುಡುಕಬೇಕಿರಲಿಲ್ಲ. ಸುಧಾಕ್ಕ ಕೇಳಿ ಮುಗಿಸಿ ನೀರು ಕುಡಿದರು. ಬಯ್ಯುತ್ತಾರೆ ಎಂದು ನಾನು ಕಾಯುತ್ತಿದ್ದೆ. ಬೈದಿದ್ದರೆ ಒಳ್ಳೆಯದಿತ್ತು.

“ಆ ಗುಟುಕು ನನ್ನ ನಟನಾ ಅಲ್ಲಪಾ. ಗಂಟಲದಾಗ ಗಂಟು ಇತ್ತು, ಮಾತು ಅಲ್ಲಿ ಸಿಗೇ ಬೀಳತಿತ್ತು. ಆ ಸೀನಿನಾಗ ಒಮ್ಮೀನೂ ನುಂಗಬಾರದು ಅಂತ ಮುಂಜಾನಿಂದ ಬಿಸಿನೀರು ಕುಡಕೋತ ಕುಂತಿದ್ದೆ. ನುಂಗಲಿಲ್ಲ. ನೀ ಅದನ್ನ ಹುಡಿಕ್ಯಾಡಿ ತಂದು ವಾಪಸ್ ಹಾಕೀ.”

ಬೆಂತೋ ಡಬ್ಬಿಗಳ ಸುತ್ತ ಕೂತು ನಾವೆಲ್ಲ ನುಂಗಿ ನುಂಗಿ ನಕ್ಕಿದ್ದು ಅವರ ಕಾಯಿಲೆಯನ್ನು. ಅದನ್ನೇ ಅವರ ಕಲೆ ಎಂದು ತಿಳಿದು ನಾನು ಸಿನಿಮಾದ ಜೀವದ ಜಾಗದಲ್ಲಿ ಕೂರಿಸಿದ್ದೆ. ಎಡಿಟರ್ ಆಗಲು ಹೊರಟವರಿಗೆ ನಾನು ಹೇಳಬಹುದಾದದ್ದು ಇಷ್ಟೇ: ಒಬ್ಬರ ಮುಖವನ್ನು ನೀವು ಸಾವಿರ ಸಲ ಹಿಂದೆ ಮುಂದೆ ಓಡಿಸಿ ನೋಡಿರಬಹುದು, ಅವರೊಳಗೆ ಏನಿತ್ತು ಎಂಬುದು ನಿಮಗೆ ಗೊತ್ತಿರುವುದಿಲ್ಲ.

ಜೇಬಿನ ಫೋನು ಮತ್ತೆ ಗುಂಯ್‌ಗುಟ್ಟಿತು. ಸುಧಾಕ್ಕ ಅದನ್ನು ತೋರಿಸಿ, ಎಷ್ಟು ಹೊತ್ತಿದೆ ಎಂದು ಸನ್ನೆ ಮಾಡಿದರು. ಸಂಜೆಯೊಳಗೆ ಮುಂಬೈಯಲ್ಲಿ ಮುಗಿಯುತ್ತದೆ ಎಂದೆ. ಅವರು ಎದ್ದು, ಸ್ಕಾರ್ಫು ಬಿಚ್ಚಿ ಕುರ್ಚಿಯ ಮೇಲೆ ಹಾಕಿದರು.

“ಮೈಕ್ ತಂದೀಯಿಲ್ಲ?”

ಮಧುರಾ ಮುಂದೆ ಬಂದು ಮರಾಠಿಯಲ್ಲಿ ಬೇಡವೇ ಬೇಡ ಎಂದಳು. ಡಾಕ್ಟರು ಹೇಳಿದ್ದು ಮೆಲ್ಲಗೆ ಮಾತಾಡು ಎಂದು, ಡಬ್ಬಿಂಗ್ ಮಾಡು ಎಂದಲ್ಲ. ಸುಧಾಕ್ಕ ಮಗಳ ಗಲ್ಲ ತಟ್ಟಿ ಅವಳನ್ನು ದಾಟಿ ಹೋದರು.

ಮೈಕ್ ಇತ್ತು. ಜಾಗ ಬೇಕಿತ್ತು. ಮಲಗುವ ಕೋಣೆಯ ಗೋಡೆಯಲ್ಲಿ ಹಾಸಿಗೆ ಮಡಚಿಡುವ ಆಳವಾದ ಕಪಾಟು ಇತ್ತು, ಅದರ ಜಾರುಬಾಗಿಲು ಸರಿಸಿ, ಕೆಳಗಿನ ಅರ್ಧ ಖಾಲಿ ಮಾಡಿ ಸುತ್ತ ರಜಾಯಿಗಳನ್ನು ನಿಲ್ಲಿಸಿದೆ. ಸದ್ದು ಗೋಡೆಗೆ ಬಡಿದು ವಾಪಸ್ ಬರಬಾರದು ಎಂದು. ಸುಧಾಕ್ಕ ಅದರೊಳಗೆ ಪುಟ್ಟ ಸ್ಟೂಲು ಹಾಕಿಕೊಂಡು ಕೂತರು. ಮೊದಲ ಯತ್ನ ಬಟ್ಟೆಯ ಮಾತಿನಲ್ಲೇ ಒಡೆಯಿತು. ಎರಡನೆಯದು ಪಲ್ಯದವರೆಗೆ ಬಂದು ಕೆಮ್ಮಾಯಿತು. ಕೆಮ್ಮು ನಿಲ್ಲಲೇ ಇಲ್ಲ. ಮಧುರಾ ನನ್ನ ತೋಳು ಹಿಡಿದು, ಇನ್ನು ಸಾಕು ಎಂದು ನೀನೇ ಹೇಳು, ನೀನು ಹೇಳಿದರೆ ಕೇಳುತ್ತಾಳೆ ಎಂದಳು. ಅವಳು ಹೇಳಿದ್ದು ನ್ಯಾಯವಾಗಿತ್ತು. ಸಾಕು ಎಂದರೆ ಈ ಮನೆಯಲ್ಲಿ ಆ ಬಾಯಿ ಮತ್ತೆ ಮುಚ್ಚುತ್ತಿತ್ತು. ಮುಂದುವರಿಸಿ ಎಂದರೆ ಗಂಟಲಿಗೆ ಏನಾಗುತ್ತದೋ ಯಾರಿಗೂ ತಿಳಿಯದು.

ನನಗೆ ಗೊತ್ತಿದ್ದ ವಿದ್ಯೆ ಒಂದೇ, ಕತ್ತರಿಸುವುದು.

“ಮೊದಲಿನ ಮಾತೆಲ್ಲಾ ಬಿಡ್ರಿ ಅಕ್ಕಾ. ಬಟ್ಟಿ ಬ್ಯಾಡ, ಪಲ್ಯ ಬ್ಯಾಡ. ಕಡೀ ಸಾಲು ಒಂದ ಸಾಕು.”

“ನಿಖಿಲ್ ಬೈತಾನ.”

“ನನಗ ಬೈಲಿ. ಮಾಸ್ಕ್ ಅದ, ತುಟಿ ಕಾಣಂಗಿಲ್ಲ. ಅಲ್ಲಿ ನೀವು ಸುಮ್ಮನ ಮಗಳನ್ನ ನೋಡಾಕತ್ತೀರಿ ಅಂತ ಇಡತೀನಿ.”

ಅವರು ಒಂದು ಗುಟುಕು ಬಿಸಿನೀರು ಕುಡಿದರು. ಕಣ್ಣು ಮುಚ್ಚಿದರು. ನಾನು ರೆಕಾರ್ಡಿಂಗ್ ಶುರು ಮಾಡಿದೆ. ನೀನು ಇಲ್ಲೇ ಇರು, ನಾನು ದಾರಿ ಕೇಳಿಕೊಂಡು ಹೋಗುತ್ತೇನೆ. ಒಂದೇ ಉಸಿರಿನಲ್ಲಿ, ಎಲ್ಲೂ ನುಂಗದೆ. ಅಂಚು ಹರಿದ, ಒರಟು, ತಗ್ಗಿದ ಧ್ವನಿ. ಆ ಸಾಲು ಮುಗಿದ ಮೇಲೂ ನಾನು ಬಟನ್ ಒತ್ತಲಿಲ್ಲ, ಅವರ ಉಸಿರು ಪೂರ್ತಿ ಹೊರಗೆ ಬರುವವರೆಗೆ ಕಾದೆ.

ಊಟದ ಮೇಜಿನ ಮೇಲೆ ಲ್ಯಾಪ್‌ಟಾಪ್ ಇಟ್ಟು ಜೋಡಿಸಿದೆ. ನನ್ನ ಧ್ವನಿಯನ್ನು ಅಳಿಸುವಾಗ ಕೈ ತಡೆಯಿತು ಎಂದು ಬರೆದರೆ ಓದುವುದಕ್ಕೆ ಚೆನ್ನಾಗಿರುತ್ತದೆ. ನಿಜಕ್ಕೂ ತಡೆಯಲಿಲ್ಲ, ಸಮಯ ಇರಲಿಲ್ಲ. ಮಾತುಗಳು ಹೋದ ಜಾಗದಲ್ಲಿ ಪ್ಲಾಟ್‌ಫಾರ್ಮಿನ ಸದ್ದು ಬಂತು, ಮಾಸ್ಕಿನ ಮೇಲಿನ ಆ ಎರಡು ಕಣ್ಣು ಕಾಣತೊಡಗಿದವು. ಆಮೇಲೆ ಆ ಒಂದು ಸಾಲು. ಮಧುರಾ ನನ್ನ ಹಿಂದೆ ನಿಂತು ನೋಡಿ, ಅಮ್ಮನ ಪಕ್ಕ ಹೋಗಿ ಕೂತಳು. ನಾನು ಮುಂಬೈಗೆ ಕಳಿಸಿದೆ.

ಸ್ವಲ್ಪ ಹೊತ್ತಿಗೆ ನಿಖಿಲನ ವಿಡಿಯೋ ಕರೆ ಬಂತು. ಹಿಂದೆ ಮಿಕ್ಸಿಂಗ್ ಥಿಯೇಟರು, ಯಾರೋ ಗಡಿಯಾರ ನೋಡುತ್ತಿದ್ದರು. ಅವನು ಮೊದಲು ನನಗೆ ಬೈದ, ಮರಾಠಿಯಲ್ಲಿ, ಚೆನ್ನಾಗಿಯೇ ಬೈದ. ಒಂದು ಹೂಂ ತಾ ಎಂದರೆ ದೃಶ್ಯವನ್ನೇ ಬದಲಾಯಿಸಿ ಕಳಿಸಿದ್ದೀಯಲ್ಲ, ಯಂತ್ರದ ಧ್ವನಿ ಹಾಕಿದ ಪ್ರತಿ ರೆಡಿ ಇದೆ, ಅದೇ ಹೋಗುತ್ತದೆ ಎಂದ. ನಾನು, ಅದು ಹೋದರೆ ಸಂಕಲನಕಾರನ ಜಾಗದಲ್ಲಿ ನನ್ನ ಹೆಸರು ಹಾಕಬೇಡ ಎಂದೆ. ಹೆಸರಿಗೇನು, ಫ್ರಾಂಕ್ಲಿ, ತೆಗೆಯೋಣ ಎಂದ. ನನ್ನ ಬೆದರಿಕೆಯ ಆಯುಷ್ಯ ಅಷ್ಟೇ ಇತ್ತು.

ಸುಧಾಕ್ಕ ನನ್ನ ಕೈಯಿಂದ ಫೋನು ತೆಗೆದುಕೊಂಡರು. ಕರೆ ಬಂದರೆ ಬಚ್ಚಲಿಗೆ ಹೋಗುತ್ತಿದ್ದವರು ಫೋನನ್ನು ಮುಖದ ಎದುರು ನೆಟ್ಟಗೆ ಹಿಡಿದುಕೊಂಡರು. ಮಧುರಾ ಎದ್ದು ನಿಂತಳು.

ಅವರನ್ನು ನೋಡಿ ನಿಖಿಲನ ಧ್ವನಿ ಇಳಿಯಿತು. ಅವನು ಅವರನ್ನು ಮಾವಶಿ ಎನ್ನುತ್ತಿದ್ದ, ಚಿಕ್ಕಮ್ಮ ಎಂದ ಹಾಗೆ. ಮಾವಶಿ, ಇದು ನಿಮ್ಮ ಒಳ್ಳೆಯದಕ್ಕೇ ಎಂದ. ಇಡೀ ಸಿನಿಮಾದಲ್ಲಿ ನಿಮ್ಮ ಹಳೆಯ ಧ್ವನಿ ಇದೆ, ಕೊನೆಯಲ್ಲಿ ಒಮ್ಮೆಲೇ ಇದು ಬಂದರೆ ಜನ ಗಲಿಬಿಲಿಗೊಳ್ಳುತ್ತಾರೆ. ಇಷ್ಟು ವರ್ಷ ಗಳಿಸಿದ ಹೆಸರು ನಿಮ್ಮದು. ಥಿಯೇಟರಿನಿಂದ ಹೊರಗೆ ಬಂದವರು ಒಂದೇ ಮಾತು ಕೇಳುತ್ತಾರೆ ಎಂದ.

“ಸುಧಾಬಾಯಿಯವರ ಧ್ವನಿಗೆ ಏನಾಯಿತು ಅಂತ ಕೇಳ್ತಾರೆ, ಮಾವಶಿ.”

ಸುಧಾಕ್ಕ ಉಸಿರು ತೆಗೆದುಕೊಂಡರು. ಅವಸರ ಮಾಡಲಿಲ್ಲ. ಅವರು ಮರಾಠಿಯಲ್ಲಿ ಹೇಳಿದ ಮಾತನ್ನು ಒಂದು ಪದವನ್ನೂ ಕತ್ತರಿಸದೆ ಕನ್ನಡದಲ್ಲಿ ಇಡುತ್ತಿದ್ದೇನೆ. ನಿಖಿಲ್ ಅದಕ್ಕೆ ಎದುರು ಮಾತಾಡಲಿಲ್ಲ, ಇಂದು ಆ ಸಿನಿಮಾದಲ್ಲಿ ಇರುವುದು ಕಪಾಟಿನಲ್ಲಿ ಕೂತು ಹೇಳಿದ ಆ ಒಂದು ಸಾಲೇ.

“ಕೇಳಲಿ, ನಿಖಿಲ್. ಕೇಳಿದವರಿಗೆಲ್ಲ ನಾನೇ ಉತ್ತರ ಕೊಡ್ತೀನಿ, ಇದೇ ಧ್ವನಿಯಲ್ಲಿ.”